ಡಾಕ್ಟರು, ಓಟಗಾರ, ನಾಳೆ ರಾಜಕಾರಣಿ? ಮಲಾವಿಯ ಗೆಳೆಯನಿಗೆ ಏನು ಹೇಳಲಿ?

ಓದುಗರ ಪ್ರಶ್ನೆ: "ಸರ್, ನಮಸ್ಕಾರ. ನಾನು ಕೆಲವು ವರ್ಷಗಳಿಂದ ಮಲಾವಿಯ ಬ್ಲಾಂಟೈರ್‌ನಲ್ಲಿ ಒಂದು ಕಂಪನಿಯ ಲೆಕ್ಕಪತ್ರ ನೋಡಿಕೊಂಡಿದ್ದೇನೆ. ಇಲ್ಲಿ ನನಗೊಬ್ಬ ಆಪ್ತ ಗೆಳೆಯ ಇದ್ದಾನೆ. ಈ ದೇಶದವನೇ. ಸರ್ಕಾರಿ ಆಸ್ಪತ್ರೆಯಲ್ಲಿ ಡಾಕ್ಟರು. ಕಾಲೇಜಿನಲ್ಲಿ 800 ಮೀಟರ್ ಓಟದಲ್ಲಿ ಹೆಸರು ಮಾಡಿದ್ದ. ಈಗಲೂ ಅವನ ಊರಲ್ಲಿ 'ಓಡುವ ಡಾಕ್ಟರು' ಅಂದರೆ ಎಲ್ಲರಿಗೂ ಗೊತ್ತು. ನನ್ನ ಮಗಳಿಗೆ ಮಲೇರಿಯಾ ಬಂದಾಗ ರಾತ್ರಿಯೆಲ್ಲ ಪಕ್ಕದಲ್ಲಿ ಕೂತಿದ್ದವನು ಅವನೇ. ಮುಂದಿನ ಚುನಾವಣೆಯಲ್ಲಿ ಸಂಸತ್ತಿಗೆ ನಿಲ್ಲು ಅಂತ ಊರಿನವರು ಈಗ ಅವನ ಬೆನ್ನು ಬಿದ್ದಿದ್ದಾರೆ. ಅವನಿಗೂ ಮನಸ್ಸಿದೆ. ನಮ್ಮ ಆಫೀಸಿನ ಹಿರಿಯರೊಬ್ಬರು ಮಾತ್ರ ಬೇಡ ಅನ್ನುತ್ತಾರೆ. 'ಡಾಕ್ಟರು ಆಳಿದ್ದನ್ನು ನಾವು 30 ವರ್ಷ ನೋಡಿದ್ದೇವೆ. ಆಟಗಾರ ಆಳಿದ್ದನ್ನು ಲೈಬೀರಿಯಾದವರು ನೋಡಿದ್ದಾರೆ. ಎರಡೂ ಒಬ್ಬನಲ್ಲೇ ಸೇರಿದರೆ ಕಷ್ಟ' ಅಂತ. ಡಾಕ್ಟರುಗಳು ಸರ್ವಾಧಿಕಾರಿಗಳಾಗುತ್ತಾರೆ ಅನ್ನುವುದು ನಿಜವೇ? ಆಟದ ಹೆಸರು ರಾಜಕೀಯದಲ್ಲಿ ಎಷ್ಟು ದಿನ ಬರುತ್ತದೆ? ಆಸ್ಪತ್ರೆ ಕೆಲಸ ಬಿಡಬೇಕಾ? ಇನ್ನೊಂದು ಮಾತು, ಪ್ರಚಾರಕ್ಕೆ ಸ್ವಲ್ಪ ಹಣದ ಸಹಾಯ ಮಾಡ್ತೀಯಾ ಅಂತ ನನ್ನನ್ನೂ ಕೇಳಿದ್ದಾನೆ. ಪರದೇಶಿ ನಾನು. ಏನು ಮಾಡಲಿ?"

ಉತ್ತರ:

ನಿಮ್ಮ ಪತ್ರದಲ್ಲಿ ಪ್ರಶ್ನೆಗಿಂತ ಹೆಚ್ಚಾಗಿ ಒಂದು ಭಯ ಕಾಣಿಸಿತು. ಒಳ್ಳೆಯ ಡಾಕ್ಟರೊಬ್ಬರನ್ನು ರಾಜಕೀಯ ನುಂಗಿಬಿಡುತ್ತದೋ, ಇಲ್ಲಾ ಅಧಿಕಾರ ಸಿಕ್ಕಿ ಅವರೇ ಬದಲಾಗಿಬಿಡುತ್ತಾರೋ ಅನ್ನುವ ಭಯ. ಸುಮ್ನೆ ಹುಟ್ಟಿದ್ದಲ್ಲ ಅದು. ನೀವಿರುವ ದೇಶದ ಚರಿತ್ರೆಯೇ ಅದಕ್ಕೆ ಕಾರಣ ಕೊಡುತ್ತದೆ. ಆಫ್ರಿಕಾದ ರಾಜಕೀಯ ಚರಿತ್ರೆಯನ್ನು ಪಾಠ ಮಾಡುತ್ತಾ ಬಂದ ನನಗೆ ಈ ಪ್ರಶ್ನೆ ತರಗತಿಯಲ್ಲೂ ಮತ್ತೆ ಮತ್ತೆ ಎದುರಾಗಿದೆ. ನಿಮ್ಮ ಆಫೀಸಿನ ಹಿರಿಯರ ಮಾತಿನಲ್ಲಿ ಅರ್ಧ ನಿಜವಿದೆ. ಆ ಅರ್ಧ ಯಾವುದು ಅಂತ ಬಿಡಿಸಿ ನೋಡೋಣ.

ಮೊದಲು ಮಲಾವಿಯ ಮೊದಲ ಅಧ್ಯಕ್ಷ ಹೇಸ್ಟಿಂಗ್ಸ್ ಕಮುಜು ಬಾಂಡಾ. ಹಿರಿಯರು ಹೇಳಿದ ಆ 30 ವರ್ಷ ಇವರದ್ದೇ.

ಬಾಂಡಾ ಅವರ ಮೊದಲ ಅರ್ಧ ಬದುಕನ್ನು ಓದಿದ ಯಾರಿಗಾದರೂ ಅವರ ಮೇಲೆ ಪ್ರೀತಿ ಹುಟ್ಟುತ್ತದೆ. ಕಸುಂಗು ಹತ್ತಿರ, ಸುಮಾರು 1898ರಲ್ಲಿ ಹುಟ್ಟಿದವರು. ದೇಶ ಆಗ ಬ್ರಿಟಿಷರ ಕೈಯಲ್ಲಿತ್ತು. ಸ್ವಾತಂತ್ರ್ಯ ಬರುವ ಮೊದಲು ಮಲಾವಿಗೆ ನ್ಯಾಸಾಲ್ಯಾಂಡ್ ಅನ್ನುವ ಹೆಸರಿತ್ತು. ಹದಿಹರೆಯದಲ್ಲಿ ಊರು ಬಿಟ್ಟು ನಡೆದುಕೊಂಡೇ ದಕ್ಷಿಣಕ್ಕೆ ಹೋದರು. ದಕ್ಷಿಣ ಆಫ್ರಿಕಾದ ಗಣಿಯಲ್ಲಿ ಕೆಲಸ ಮಾಡಿದರು. 1925ರಲ್ಲಿ ಅಮೆರಿಕಕ್ಕೆ. ಷಿಕಾಗೊದಲ್ಲಿ ಪದವಿ, 1937ರಲ್ಲಿ ಟೆನೆಸ್ಸಿಯ ಮೆಹಾರಿ ವೈದ್ಯಕೀಯ ಕಾಲೇಜಿನಿಂದ ಡಾಕ್ಟರ್. ಬ್ರಿಟಿಷರ ನಾಡಿನಲ್ಲಿ ಆ ಪದವಿ ನಡೆಯುವುದಿಲ್ಲ ಅಂತ ಎಡಿನ್‌ಬರೋಕ್ಕೆ ಹೋಗಿ ಮತ್ತೆ ಪರೀಕ್ಷೆ ಬರೆದರು. ತಾಯ್ನಾಡಿಗೆ ಮಿಷನ್ ಡಾಕ್ಟರಾಗಿ ಹಿಂತಿರುಗಬೇಕು ಅನ್ನುವುದು ಆಸೆ. ಆದರೆ ಕರಿಯ ಡಾಕ್ಟರ ಕೈಕೆಳಗೆ ಕೆಲಸ ಮಾಡುವುದಿಲ್ಲ ಅಂತ ಅಲ್ಲಿನ ಬಿಳಿ ನರ್ಸ್‌ಗಳು ಅಡ್ಡ ಬಂದರು. ಹಾಗಾಗಿ ಲಿವರ್‌ಪೂಲ್, ಆಮೇಲೆ ಟೈನ್ ನದಿ ದಡದ ನಾರ್ತ್ ಶೀಲ್ಡ್ಸ್, ಮುಂದೆ ಲಂಡನ್ನಿನ ಹಾರ್ಲ್ಸ್‌ಡನ್‌ನಲ್ಲಿ ಕ್ಲಿನಿಕ್ ನಡೆಸಿದರು. ಅಲ್ಲಿನ ಬಡ ಬಿಳಿಯರಿಗೆ ಅವರು ಮೆಚ್ಚಿನ ಡಾಕ್ಟರು. ಮುಂದೆ ಘಾನಾದ ನಾಯಕರಾದ ಕ್ವಾಮೆ ಎನ್‌ಕ್ರುಮಾ, ಕೆನ್ಯಾದ ನಾಯಕರಾದ ಜೋಮೊ ಕೆನ್ಯಾಟ್ಟಾ ಅವರಂಥವರು ಅವರ ಮನೆಗೆ ಬಂದು ಹೋಗುತ್ತಿದ್ದರು. ಊರಿನ ಚಳವಳಿಗೆ ಬಾಂಡಾ ತಮ್ಮ ದುಡಿಮೆಯ ಹಣ ಕಳಿಸುತ್ತಿದ್ದರು.

ಆ ಕಾಲದಲ್ಲಿ ಇಷ್ಟೊಂದು ಡಾಕ್ಟರುಗಳು ಯಾಕೆ ನಾಯಕರಾದರು ಅನ್ನುವುದಕ್ಕೆ ಉತ್ತರ ಇಲ್ಲೇ ಇದೆ. ವಸಾಹತು ಆಳ್ವಿಕೆಯಲ್ಲಿ ಆಫ್ರಿಕದವರಿಗೆ ತೆರೆದಿದ್ದ ದೊಡ್ಡ ಓದಿನ ದಾರಿಗಳು ಬಹಳ ಕಡಿಮೆ. ಮೇಷ್ಟ್ರು, ಪಾದ್ರಿ, ವಕೀಲ, ಡಾಕ್ಟರು, ಹೆಚ್ಚುಕಡಿಮೆ ಇಷ್ಟೇ. ಇವರಲ್ಲಿ ಸ್ವಂತ ಕ್ಲಿನಿಕ್ ಇದ್ದ ಡಾಕ್ಟರಿಗೆ ಸರ್ಕಾರದ ಸಂಬಳದ ಹಂಗಿಲ್ಲ. ಕ್ಲಿನಿಕ್‌ಗೆ ಜನ ಬರುವುದನ್ನು ಪೊಲೀಸರು ತಡೆಯೋದಕ್ಕೂ ಆಗಲ್ಲ. ಅಂಗೋಲಾದ ಅಗೊಸ್ಟಿನ್ಹೊ ನೆಟೊ ಇದಕ್ಕೆ ಒಳ್ಳೆಯ ಉದಾಹರಣೆ. ಪೋರ್ಚುಗಲ್‌ನಲ್ಲಿ ವೈದ್ಯಕೀಯ ಓದಿ 1959ರಲ್ಲಿ ಊರಿಗೆ ಬಂದರು. ಮರುವರ್ಷ ಜೂನ್‌ನಲ್ಲಿ ಅವರನ್ನು ಬಂಧಿಸಿದಾಗ ಬಿಡುಗಡೆ ಕೇಳಿ ಮೆರವಣಿಗೆ ಹೊರಟವರಲ್ಲಿ ಅವರ ರೋಗಿಗಳೂ ಇದ್ದರು. ಸೈನಿಕರು ಗುಂಡು ಹಾರಿಸಿದರು. ಅನೇಕರು ಸತ್ತರು.

ಬಾಂಡಾ ಕಥೆಗೆ ಮರಳೋಣ. 1953ರಲ್ಲಿ ಬ್ರಿಟಿಷರು ಎರಡೂ ರೊಡೇಷಿಯಾಗಳ (ಇಂದಿನ ಜಾಂಬಿಯಾ, ಜಿಂಬಾಬ್ವೆ) ಜೊತೆ ನ್ಯಾಸಾಲ್ಯಾಂಡನ್ನು ಸೇರಿಸಿ ಒಕ್ಕೂಟ ಮಾಡಿದರು. ಅಂದರೆ ಅಲ್ಲಿನ ಬಿಳಿಯರ ಕೈಗೆ ಕೊಟ್ಟ ಹಾಗೆ. ಜನ ಸಿಟ್ಟಾದರು. ಹೋರಾಟ ನಡೆಸುತ್ತಿದ್ದ ಹೆನ್ರಿ ಚಿಪೆಂಬೆರೆ, ಕನ್ಯಾಮಾ ಚಿಯುಮೆ ಮೊದಲಾದವರು ಇನ್ನೂ ಹುಡುಗರು. ನಮ್ಮ ಸಮಾಜದಲ್ಲಿ ವಯಸ್ಸಾದವರ ಮಾತಿಗೇ ಬೆಲೆ, ಹಿರಿಯರೊಬ್ಬರು ಬೇಕು ಅಂತ ಅವರಿಗೆ ಅನ್ನಿಸಿತು. ಬಾಂಡಾ ಅವರಿಗೆ ಬರೆದರು. ಜನಕ್ಕೆ ಒಬ್ಬ ನಾಯಕನ ಮೂರ್ತಿ ಬೇಕು, ನಿಮ್ಮನ್ನು ಹಾಗೆ ನಿಲ್ಲಿಸುತ್ತೇವೆ ಅನ್ನುವ ಅರ್ಥದಲ್ಲಿ ಚಿಪೆಂಬೆರೆ ಬರೆದರು. 1958ರ ಜುಲೈ 6ರಂದು ಬಾಂಡಾ ಬಂದಿಳಿದರು. ಊರು ಬಿಟ್ಟು ನಾಲ್ಕು ದಶಕ ದಾಟಿತ್ತು. ಭಾಷಣ ಇಂಗ್ಲಿಷಿನಲ್ಲಿ, ಪಕ್ಕದಲ್ಲಿ ಅನುವಾದ ಮಾಡುವವರು. ಮೂರು ತುಂಡಿನ ಸೂಟು, ಟೋಪಿ, ಕೈಯಲ್ಲಿ ಚಾಮರ. ಜನ ಹುಚ್ಚೆದ್ದು ಸೇರಿದರು.

ಇದನ್ನು ಇಷ್ಟು ವಿವರವಾಗಿ ಹೇಳುವುದಕ್ಕೆ ಕಾರಣವಿದೆ. ಬಾಂಡಾ ಅವರನ್ನು ಮೂರ್ತಿ ಮಾಡಿದ್ದು ಅವರ ಡಾಕ್ಟರ್ ಪದವಿ ಅಲ್ಲ, ಜೊತೆಗಾರರು. ಪದವಿ ಆ ಮೂರ್ತಿಗೆ ಪೀಠವಾಯಿತು ಅಷ್ಟೇ.

1959ರ ಮಾರ್ಚ್ 3ಕ್ಕೆ ಬ್ರಿಟಿಷರು ತುರ್ತು ಪರಿಸ್ಥಿತಿ ಹೇರಿದರು. ವಿಚಾರಣೆ ಇಲ್ಲದೆ ಸಾವಿರಕ್ಕೂ ಹೆಚ್ಚು ಜನರನ್ನು ಒಳಗೆ ಹಾಕಿದರು. ಬಾಂಡಾ ಒಂದು ವರ್ಷದ ಮೇಲೆ ದಕ್ಷಿಣ ರೊಡೇಷಿಯಾದ ಗ್ವೆಲೊ ಜೈಲಿನಲ್ಲಿದ್ದರು. ತನಿಖೆಗೆ ಬಂದ ಡೆವ್ಲಿನ್ ಆಯೋಗ, ನ್ಯಾಸಾಲ್ಯಾಂಡ್ ಸದ್ಯಕ್ಕೆ ಪೊಲೀಸ್ ರಾಜ್ಯ ಅಂತಲೇ ವರದಿ ಕೊಟ್ಟಿತು. 1964ರ ಜುಲೈ 6ಕ್ಕೆ ಸ್ವಾತಂತ್ರ್ಯ ಬಂತು.

ಎರಡೇ ತಿಂಗಳಲ್ಲಿ ಮಂತ್ರಿಮಂಡಲ ಒಡೆಯಿತು. ಜಗಳಕ್ಕೆ ಕಾರಣ ಹಲವು. ಸರ್ಕಾರಿ ಹುದ್ದೆಗಳಲ್ಲಿ ಬಿಳಿಯರೇ ಮುಂದುವರಿದದ್ದು, ನೌಕರರ ಸಂಬಳ ಕಡಿತ, ಪೋರ್ಚುಗೀಸರ ಜೊತೆಗಿನ ಸ್ನೇಹ. ಇವುಗಳ ಜೊತೆ ಇನ್ನೊಂದು ಕಾರಣವಿತ್ತು, ನಿಮ್ಮ ಗೆಳೆಯರಿಗೆ ಅದನ್ನು ತಪ್ಪದೆ ಹೇಳಿ. ಸರ್ಕಾರಿ ಆಸ್ಪತ್ರೆಯ ಹೊರರೋಗಿಗಳು ಮೂರು ಪೆನ್ಸ್ ಕೊಡಬೇಕು ಅನ್ನುವ ನಿಯಮ. ಸ್ವಾತಂತ್ರ್ಯ ಬಂದಿದೆ, ಪ್ರಧಾನಿ ಸ್ವತಃ ಡಾಕ್ಟರು, ಬಡವರ ಕೈಯಿಂದ ಆಸ್ಪತ್ರೆ ಬಾಗಿಲಲ್ಲಿ ಕಾಸು ಕೇಳುವುದೇ ಅಂತ ಮಂತ್ರಿಗಳು ಕೇಳಿದರು. ಬಾಂಡಾ ಕೆಲವರನ್ನು ಕಿತ್ತುಹಾಕಿದರು. ಉಳಿದ ಕೆಲವರು ರಾಜೀನಾಮೆ ಕೊಟ್ಟರು. ಬಾಂಡಾ ಅವರನ್ನು ಕರೆತಂದು ಮೂರ್ತಿ ಮಾಡಿದ ಚಿಪೆಂಬೆರೆ, ಚಿಯುಮೆ ಇಬ್ಬರೂ ದೇಶ ಬಿಟ್ಟು ಓಡಬೇಕಾಯಿತು. ಬೇಡ ಅನ್ನುವ ಧೈರ್ಯ ಇದ್ದವರು ಅಲ್ಲಿಗೆ ಮುಗಿದರು.

ಆಮೇಲಿನದು ನಿಮ್ಮ ಹಿರಿಯರಿಗೆ ನೆನಪಿರುವ ಕಾಲ. 1971ರಲ್ಲಿ ಆಜೀವ ಅಧ್ಯಕ್ಷ. ಒಂದೇ ಪಕ್ಷ. ಅದರ ನಾಲ್ಕು ಕಂಬ ಒಗ್ಗಟ್ಟು, ನಿಷ್ಠೆ, ವಿಧೇಯತೆ, ಶಿಸ್ತು. ಬಸ್ಸು ಹತ್ತಬೇಕಾದರೂ ಪಕ್ಷದ ಕಾರ್ಡ್ ತೋರಿಸು ಅನ್ನುವ ಯುವ ಕಾರ್ಯಕರ್ತರು. ಹೆಂಗಸರು ಪ್ಯಾಂಟ್ ಹಾಕುವಂತಿಲ್ಲ. ಸ್ವಾತಂತ್ರ್ಯದ ಹೊತ್ತಿನ ಮಂತ್ರಿ, ವಕೀಲ ಆರ್ಟನ್ ಚಿರ್ವಾ ಅವರನ್ನು 1981ರಲ್ಲಿ ಹಿಡಿದು ಮರಣದಂಡನೆ ವಿಧಿಸಿದರು. ಶಿಕ್ಷೆ ಜೀವಾವಧಿಗೆ ಇಳಿಯಿತು, ಆದರೆ 1992ರಲ್ಲಿ ಅವರು ಜೈಲಿನಲ್ಲೇ ತೀರಿಕೊಂಡರು. 1983ರಲ್ಲಿ ಮೂವರು ಮಂತ್ರಿಗಳು ಮತ್ತು ಒಬ್ಬ ಸಂಸದ ಕಾರು ಅಪಘಾತದಲ್ಲಿ ಸತ್ತರು ಅಂತ ಸರ್ಕಾರ ಹೇಳಿತು. ಅದು ಕೊಲೆ ಅಂತ ಮುಂದೆ ವಿಚಾರಣಾ ಆಯೋಗ ಹೇಳಿತು. ಆ ಮೊಕದ್ದಮೆಯಲ್ಲಿ ಬಾಂಡಾ 1995ರಲ್ಲಿ ಖುಲಾಸೆಯಾದರು ಅನ್ನುವುದನ್ನೂ ಹೇಳಬೇಕು.

ನನ್ನನ್ನು ಜಾಸ್ತಿ ಕಾಡುವ ಸಂಗತಿ ಬೇರೆ. ಡಾಕ್ಟರೊಬ್ಬರು 30 ವರ್ಷ ಆಳಿದ ದೇಶದಲ್ಲಿ ವೈದ್ಯಕೀಯ ಕಾಲೇಜು ಶುರುವಾಗಿದ್ದು 1991ರಲ್ಲಿ. ಅಲ್ಲಿಯವರೆಗೆ ಮಲಾವಿಯ ಹುಡುಗರು ಡಾಕ್ಟರಾಗಬೇಕಾದರೆ ಹೊರದೇಶಕ್ಕೇ ಹೋಗಬೇಕಿತ್ತು. ಅದಕ್ಕೂ ಹತ್ತು ವರ್ಷ ಮೊದಲೇ, 1981ರಲ್ಲಿ, ಲ್ಯಾಟಿನ್ ಮತ್ತು ಗ್ರೀಕ್ ಕಲಿಸುವ ಕಮುಜು ಅಕಾಡೆಮಿ ತಲೆ ಎತ್ತಿತ್ತು. ಕಸುಬು ಗೊತ್ತಿದ್ದವರು ಆ ಕಸುಬಿಗೆ ಒಳ್ಳೆಯದು ಮಾಡಿಯೇ ಮಾಡುತ್ತಾರೆ ಅನ್ನುವ ನಂಬಿಕೆ ಎಷ್ಟು ಪೊಳ್ಳು ಅನ್ನುವುದಕ್ಕೆ ಇದಕ್ಕಿಂತ ಸಾಕ್ಷಿ ನನಗೆ ಗೊತ್ತಿಲ್ಲ.

ಹಾಗಾದರೆ ಡಾಕ್ಟರುಗಳೇ ಸರ್ವಾಧಿಕಾರಿಗಳಾಗುತ್ತಾರಾ? ಇಲ್ಲ. ಬಾಂಡಾ ಜೊತೆಗೆ ನೆಟೊ ಹೆಸರು, ಐವರಿ ಕೋಸ್ಟ್‌ನ ಫೆಲಿಕ್ಸ್ ಹುಫುಎ ಬ್ವಾನ್ಯಿ ಹೆಸರು ಸೇರಿಸಿ ಪಟ್ಟಿ ಮಾಡುವುದು ಸುಲಭ. ಹುಫುಎ ಬ್ವಾನ್ಯಿ ಡಕಾರ್‌ನಲ್ಲಿ ವೈದ್ಯಕೀಯ ಓದಿದವರು. ಬಲವಂತದ ದುಡಿಮೆಯನ್ನು ನಿಲ್ಲಿಸಿದ 1946ರ ಫ್ರೆಂಚ್ ಕಾನೂನಿಗೆ ಅವರ ಹೆಸರೇ ಇದೆ. ಅಷ್ಟು ದೊಡ್ಡ ಕೆಲಸ ಮಾಡಿದವರು 1960ರಿಂದ 1993ರಲ್ಲಿ ಸಾಯುವವರೆಗೂ ಕುರ್ಚಿ ಬಿಡಲಿಲ್ಲ. ಆದರೆ ಅದೇ ಕಾಲದ ಬೇರೆಯವರನ್ನು ನೋಡಿ. ತಾಂಜಾನಿಯಾದ ನೈರೆರೆ ಮೇಷ್ಟ್ರು. ಜಾಂಬಿಯಾದ ಕೌಂಡಾ ಮೇಷ್ಟ್ರು. ಗಿನಿಯ ಸೆಕು ಟೂರೆ ಕಾರ್ಮಿಕ ನಾಯಕ. ಎಲ್ಲರೂ ಒಂದೇ ಪಕ್ಷದ ಆಡಳಿತ ನಡೆಸಿದವರೇ. ದೋಷ ಸ್ಟೆತಸ್ಕೋಪಿನದಲ್ಲ.

ಕಾರಣ ಬೇರೆ ಕಡೆ ಇದೆ. ಬ್ರಿಟಿಷ್ ಗವರ್ನರ್ ಕೈಯಲ್ಲಿದ್ದ ಅಧಿಕಾರವೆಲ್ಲ, ವಿಚಾರಣೆ ಇಲ್ಲದೆ ಜೈಲಿಗೆ ಹಾಕುವುದೂ ಸೇರಿ, ಹೊಸ ಆಳುವವರ ಕೈಗೆ ಹಾಗೇ ಬಂತು. ಗ್ವೆಲೊ ಜೈಲಿನಲ್ಲಿ ಕೂತಿದ್ದ ಬಾಂಡಾ ಸ್ವಾತಂತ್ರ್ಯ ಬಂದ ಮೇಲೆ ಅಂಥದ್ದೇ ಕಾನೂನಿನಿಂದ ತಮ್ಮವರನ್ನು ಒಳಗೆ ಹಾಕಿದರು. ಕೋರ್ಟು, ಪತ್ರಿಕೆ, ವಿರೋಧ ಪಕ್ಷ ಯಾವುದೂ ಇನ್ನೂ ಬೇರು ಬಿಟ್ಟಿರಲಿಲ್ಲ. ಅವರ ಆಳ್ವಿಕೆ ಅಲುಗಾಡಿದ್ದು ಕೂಡ ಒಳಗಿನವರಿಂದಲ್ಲ. 1992ರ ಮಾರ್ಚ್‌ನಲ್ಲಿ ಕ್ಯಾಥೊಲಿಕ್ ಬಿಷಪ್‌ಗಳು ಬರೆದ ಪತ್ರವನ್ನು ದೇಶದ ಚರ್ಚುಗಳಲ್ಲಿ ಓದಿದರು. ಅಲ್ಲಿಂದ ಬಾಯಿ ಬಿಚ್ಚಿದ ಜನ 1993ರ ಜನಮತದಲ್ಲಿ ಬಹುಪಕ್ಷ ಬೇಕು ಅಂದರು. 1994ರ ಚುನಾವಣೆಯಲ್ಲಿ ಬಾಂಡಾ ಸೋತರು, ಸೋಲು ಒಪ್ಪಿಕೊಂಡರು.

ನಿಮ್ಮ ಹಿರಿಯರ ಮಾತಿನಲ್ಲಿರುವ ನಿಜವನ್ನೂ ಹೇಳಬೇಕು. ಡಾಕ್ಟರಿಕೆ ಒಂದು ಅಭ್ಯಾಸ ಕಲಿಸುತ್ತದೆ. ರೋಗಿ ಹೇಳುತ್ತಾನೆ, ಡಾಕ್ಟರು ನಿರ್ಧರಿಸುತ್ತಾರೆ, ರೋಗಿ ಒಪ್ಪುತ್ತಾನೆ. ಆ ಕೋಣೆಯಲ್ಲಿ ವಿರೋಧ ಪಕ್ಷ ಇರುವುದಿಲ್ಲ. ಸಾವು ಬದುಕಿನ ಹೊತ್ತಲ್ಲಿ ಅದು ಸರಿಯೂ ಹೌದು. ಅದೇ ಅಭ್ಯಾಸ ಹೊತ್ತು ಸಭೆಗೆ ಹೋದರೆ, ಎದುರು ಮಾತಾಡಿದವರೆಲ್ಲ ತಿಳಿಯದವರ ಹಾಗೆ ಕಾಣುತ್ತಾರೆ. ಬಾಂಡಾ ಪಕ್ಷದ ಕಂಬಗಳಲ್ಲಿ 'ವಿಧೇಯತೆ' ಇತ್ತು ಅನ್ನುವುದನ್ನು ಓದುವಾಗಲೆಲ್ಲ ನನಗೆ ಅದೇ ಹೊಳೆಯುತ್ತದೆ. ನಿಮ್ಮ ಗೆಳೆಯರು ಕಣ್ಣಿಡಬೇಕಾದದ್ದು ಇದರ ಮೇಲೆ.

ಕುರ್ಚಿಗೆ ಅಂಟಿಕೊಳ್ಳದ ಡಾಕ್ಟರುಗಳೂ ಬೇಕಾದಷ್ಟು ಇದ್ದಾರೆ. ಕೆನ್ಯಾದ ಎನ್‌ಜೊರೊಗೆ ಮುಂಗೈ ಕೆನ್ಯಾಟ್ಟಾ ಅವರ ಡಾಕ್ಟರಾಗಿದ್ದವರು, ವಿದೇಶಾಂಗ ಮಂತ್ರಿ ಕೂಡ. 1974ರಲ್ಲಿ ತಮ್ಮ ಕ್ಷೇತ್ರದಲ್ಲೇ ಸೋತರು. ಕಾಂಗೊದ ಡೆನಿಸ್ ಮುಕ್ವೆಗೆ ಅತ್ಯಾಚಾರಕ್ಕೆ ಒಳಗಾದ ಸಾವಿರಾರು ಹೆಂಗಸರಿಗೆ ಶಸ್ತ್ರಚಿಕಿತ್ಸೆ ಮಾಡಿದವರು, 2018ರ ನೊಬೆಲ್ ಶಾಂತಿ ಪ್ರಶಸ್ತಿ ಪಡೆದವರು. 2023ರ ಡಿಸೆಂಬರ್‌ನಲ್ಲಿ ಅಧ್ಯಕ್ಷ ಸ್ಥಾನಕ್ಕೆ ನಿಂತರೆ ಬಂದ ಮತ ಶೇ. 1ಕ್ಕಿಂತ ಕಡಿಮೆ. ಎಣಿಕೆಯ ಬಗ್ಗೆ ಆಕ್ಷೇಪಗಳು ಬಹಳ ಇದ್ದವು. ಆದರೂ ಜಗತ್ತು ಕೊಡುವ ಗೌರವ ಬೇರೆ, ಊರೂರಲ್ಲಿ ಪಕ್ಷದ ಜನ ಇರುವುದು ಬೇರೆ ಅನ್ನುವುದಂತೂ ಕಾಣಿಸಿತು.

ಉಗಾಂಡಾದ ಕಿಜಾ ಬೆಸಿಜ್ಯೆ ಕಥೆ ಇನ್ನೂ ಕಹಿ. ಮಕೆರೆರೆ ವಿಶ್ವವಿದ್ಯಾಲಯದಲ್ಲಿ ಓದಿದ ಡಾಕ್ಟರು. ಕಾಡಿನ ಗೆರಿಲ್ಲಾ ಯುದ್ಧದಲ್ಲಿ, ಮುಂದೆ ದೇಶದ ಅಧ್ಯಕ್ಷರಾದ ಮುಸೆವೆನಿ ಅವರ ಆರೋಗ್ಯ ನೋಡಿಕೊಂಡವರು. ಸರ್ಕಾರ ದಾರಿ ತಪ್ಪಿದೆ ಅಂತ 1999ರಲ್ಲಿ ಬರೆದು ಹೊರಬಂದರು. 2001, 2006, 2011, 2016, ನಾಲ್ಕು ಸಲ ಮುಸೆವೆನಿ ಎದುರು ನಿಂತರು. 2024ರ ನವೆಂಬರ್‌ನಲ್ಲಿ ಅವರನ್ನು ನೈರೋಬಿಯಿಂದ ಹೊತ್ತೊಯ್ದು ಕಂಪಾಲದ ಮಿಲಿಟರಿ ಕೋರ್ಟಿನ ಮುಂದೆ ನಿಲ್ಲಿಸಿದರು. ಮಿಲಿಟರಿ ಕೋರ್ಟು ನಾಗರಿಕರ ವಿಚಾರಣೆ ನಡೆಸುವಂತಿಲ್ಲ ಅಂತ 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆಮೇಲೆ ದೇಶದ್ರೋಹದ ಕೇಸು ನಾಗರಿಕ ಕೋರ್ಟಿಗೆ ಬಂತು. ಅಧಿಕಾರದಲ್ಲಿದ್ದವರ ನಾಡಿ ನೋಡಿದ್ದ ಕೈ ಅಂತ ಯಾರೂ ರಿಯಾಯಿತಿ ಕೊಡಲಿಲ್ಲ.

ಈಗ ಆಟದ ಹೆಸರು. ಅದು ಬಾಗಿಲು ತೆರೆಸುತ್ತದೆ, ಅದರಲ್ಲಿ ಅನುಮಾನ ಬೇಡ. ಹೊಸದಾಗಿ ಹುಟ್ಟಿದ ದೇಶಗಳಲ್ಲಿ ಎಲ್ಲ ಬುಡಕಟ್ಟಿನವರೂ ಒಟ್ಟಿಗೆ 'ನಮ್ಮವನು' ಅಂತ ಕೂಗಿದ್ದು ಆಟಗಾರರನ್ನು ನೋಡಿಯೇ. ಅದರ ಅಪಾಯವೂ ಅಲ್ಲೇ ಇದೆ. ನೈಜೀರಿಯಾದ ಇಮ್ಯಾನ್ಯುಯೆಲ್ ಇಫೆಯಾಜುನಾ 1954ರಲ್ಲಿ ವ್ಯಾಂಕೂವರ್‌ನ ಬ್ರಿಟಿಷ್ ಎಂಪೈರ್ ಮತ್ತು ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ ಹೈಜಂಪ್ ಚಿನ್ನ ಗೆದ್ದರು. ಅಂಥ ಅಂತರರಾಷ್ಟ್ರೀಯ ಕೂಟದಲ್ಲಿ ಚಿನ್ನ ಗೆದ್ದ ಮೊದಲ ಕರಿಯ ಆಫ್ರಿಕನ್. ಆಮೇಲೆ ಸೇನೆ ಸೇರಿದರು. 1966ರ ಜನವರಿಯ ದಂಗೆಯ ಮುಂದಾಳುಗಳಲ್ಲಿ ಒಬ್ಬರಾದರು. 1967ರ ಸೆಪ್ಟೆಂಬರ್‌ನಲ್ಲಿ, ನೈಜೀರಿಯಾದಿಂದ ಬೇರೆಯಾಗಲು ಹೊರಟಿದ್ದ ಬಿಯಾಫ್ರಾದಲ್ಲಿ ಗುಂಡಿಗೆ ಬಲಿಯಾದರು. ಮತ ಕೇಳುವ ಬದಲು ಬಂದೂಕು ಹಿಡಿದ ಹೀರೊ ಅವರು.

ಜಾರ್ಜ್ ವೀಯಾ ಹಾಗಲ್ಲ. ಲೈಬೀರಿಯಾದ ಮನ್ರೋವಿಯಾದ ಬಡ ಕೇರಿಯಲ್ಲಿ ಬೆಳೆದು 1995ರಲ್ಲಿ ಜಗತ್ತಿನ ಶ್ರೇಷ್ಠ ಫುಟ್‌ಬಾಲ್ ಆಟಗಾರ ಅನ್ನಿಸಿಕೊಂಡವರು. ಯುದ್ಧದಲ್ಲಿ ನಲುಗಿದ್ದ ದೇಶದ ತಂಡವನ್ನು ಸ್ವಂತ ಹಣ ಹಾಕಿ ಆಡಿಸಿದರು. 2005ರಲ್ಲಿ ಅಧ್ಯಕ್ಷ ಸ್ಥಾನಕ್ಕೆ ನಿಂತು ಮೊದಲ ಸುತ್ತಿನಲ್ಲಿ ಎಲ್ಲರಿಗಿಂತ ಮುಂದಿದ್ದರು. ಎರಡನೇ ಸುತ್ತಿನಲ್ಲಿ ಹಾರ್ವರ್ಡ್‌ನಲ್ಲಿ ಓದಿದ ಎಲೆನ್ ಜಾನ್ಸನ್ ಸರ್ಲೀಫ್ ಗೆದ್ದರು. ಓದಿಲ್ಲ ಅನ್ನುವ ಟೀಕೆ ವೀಯಾ ಅವರಿಗೆ ಚುಚ್ಚಿತು. ಹೋಗಿ ಪದವಿ ಮುಗಿಸಿದರು. 2011ರಲ್ಲಿ ಉಪಾಧ್ಯಕ್ಷ ಸ್ಥಾನಕ್ಕೆ ನಿಂತು ಸೋತರು. 2014ರಲ್ಲಿ ಸೆನೆಟರ್ ಆದರು. ಅಧ್ಯಕ್ಷರಾಗಿದ್ದು 2018ರ ಜನವರಿಯಲ್ಲಿ. ಜಗತ್ತೇ ಬಲ್ಲ ಹೆಸರಿಗೂ 12 ವರ್ಷ ಬೇಕಾಯಿತು ಅಂದರೆ ಯೋಚಿಸಿ.

ಆಡಳಿತ ಚೆನ್ನಾಗಿ ನಡೆಯಿತಾ? ಬೆಲೆ ಏರಿಕೆ, ಭ್ರಷ್ಟಾಚಾರದ ವಿರುದ್ಧ 2019ರಲ್ಲೇ ಮನ್ರೋವಿಯಾದಲ್ಲಿ ದೊಡ್ಡ ಪ್ರತಿಭಟನೆ ಆಯಿತು. 2022ರಲ್ಲಿ ಅವರ ಸುತ್ತಲಿನ ಅಧಿಕಾರಿಗಳ ಮೇಲೆ ಅಮೆರಿಕ ನಿರ್ಬಂಧ ಹೇರಿತು. ಅವರನ್ನು ಗೆಲ್ಲಿಸಿದ್ದ ಯುವಕರಲ್ಲೇ ಅನೇಕರು ಕೆಲಸ ಎಲ್ಲಿ ಅಂತ ಕೇಳಿದರು. 2023ರ ನವೆಂಬರ್‌ನಲ್ಲಿ ಜೋಸೆಫ್ ಬೋಕಾಯ್ ಎದುರು ಸುಮಾರು 20 ಸಾವಿರ ಮತಗಳಿಂದ ಸೋತರು. ಎಣಿಕೆ ಪೂರ್ತಿ ಮುಗಿಯುವ ಮೊದಲೇ ಫೋನ್ ಮಾಡಿ ಅಭಿನಂದಿಸಿದರು. 'ಆಟಗಾರ ಆಳಿದರೆ ಕಷ್ಟ' ಅನ್ನುವ ಹಿರಿಯರಿಗೆ ಇದನ್ನೂ ಹೇಳಿ. ಮಹಾ ಓದಿದ ಬಾಂಡಾ ಅವರನ್ನು ಇಳಿಸಲು 30 ವರ್ಷ ಬೇಕಾಯಿತು. ಓದಿಲ್ಲ ಅನ್ನಿಸಿಕೊಂಡ ವೀಯಾ ಆರು ವರ್ಷಕ್ಕೆ ಇಳಿದು ಮನೆಗೆ ಹೋದರು. ವ್ಯತ್ಯಾಸ ಇಬ್ಬರ ಗುಣದಲ್ಲಿ ಮಾತ್ರ ಇಲ್ಲ. ಲೈಬೀರಿಯಾದಲ್ಲಿ ಅಷ್ಟು ಹೊತ್ತಿಗೆ ಬೇಡ ಅನ್ನಲು ಜನಕ್ಕೆ ಒಂದು ದಾರಿ ಇತ್ತು.

ಡಾಕ್ಟರಿಕೆ, ಕ್ರೀಡೆ, ರಾಜಕೀಯ ಮೂರೂ ಒಬ್ಬರಲ್ಲೇ ಸೇರಿದ ಉದಾಹರಣೆ ಬೇಕು ಅಂದರೆ ಸುಡಾನಿನ ಅಬ್ದೆಲ್ ಹಲೀಮ್ ಮೊಹಮದ್ ಹತ್ತಿರ ಬರುತ್ತಾರೆ. ಖಾರ್ಟೂಮ್‌ನ ಡಾಕ್ಟರು. 1957ರಲ್ಲಿ ಆಫ್ರಿಕಾದ ಫುಟ್‌ಬಾಲ್ ಒಕ್ಕೂಟ ಕಟ್ಟಿದವರಲ್ಲಿ ಒಬ್ಬರು, ಮುಂದೆ ಅದರ ಅಧ್ಯಕ್ಷರೂ ಆದರು. ಕರಿಯರು ಬಿಳಿಯರು ಸೇರಿದ ತಂಡ ಕಳಿಸಲು ಒಪ್ಪದ ದಕ್ಷಿಣ ಆಫ್ರಿಕಾವನ್ನು ಈ ಒಕ್ಕೂಟ ಮೊದಲ ಪಂದ್ಯಾವಳಿಯಿಂದಲೇ ಹೊರಗಿಟ್ಟಿತು. 1964ರ ಅಕ್ಟೋಬರ್‌ನಲ್ಲಿ ಸುಡಾನಿನ ಜನ ಮಿಲಿಟರಿ ಆಡಳಿತವನ್ನು ಕೆಡವಿದಾಗ ದೇಶದ ಮುಖ್ಯಸ್ಥರಾಗಿ ಐದು ಜನರ ಮಂಡಳಿ ಬಂತು. ಇವರು ಅದರಲ್ಲಿದ್ದರು. ಕೆಲವು ತಿಂಗಳಿದ್ದು ಕೆಳಗಿಳಿದರು. ಆ ಮೇಲೂ ಒಲಿಂಪಿಕ್ ಸಮಿತಿ, ಫುಟ್‌ಬಾಲ್ ಅಂತ ದುಡಿದರು. ಅವರ ಕಥೆಯಲ್ಲಿ ನಾಟಕ ಇಲ್ಲ, ಅದಕ್ಕೇ ಯಾರೂ ಹೇಳುವುದಿಲ್ಲ. ನನಗೆ ಬಹಳ ಇಷ್ಟವಾದವರು.

ಇನ್ನು ನಿಮ್ಮ ಗೆಳೆಯರ ಮುಂದಿರುವ ದಾರಿಗಳು.

ಮಲಾವಿಯ ಸಂವಿಧಾನದ ಪ್ರಕಾರ ಸರ್ಕಾರಿ ಹುದ್ದೆಯಲ್ಲಿದ್ದುಕೊಂಡು ಸಂಸತ್ತಿಗೆ ನಿಲ್ಲುವಂತಿಲ್ಲ. ರಾಜೀನಾಮೆ ಕೊಡಲೇಬೇಕು. ಸೋತರೆ ಅದೇ ಕುರ್ಚಿ ಕಾಯುತ್ತಿರುತ್ತದೆ ಅನ್ನುವ ಭರವಸೆ ಇಲ್ಲ. ಹಾಗಾಗಿ ಕೆಲಸ ಬಿಡುವ ಮೊದಲೇ ಸೋತರೆ ಎಲ್ಲಿ ಕೆಲಸ ಅನ್ನುವುದು ನಿಶ್ಚಯವಾಗಿರಬೇಕು. ಖಾಸಗಿ ಕ್ಲಿನಿಕ್ ಆಗಬಹುದು, ಮಿಷನ್ ಆಸ್ಪತ್ರೆ ಆಗಬಹುದು. ಗೆದ್ದರೂ ವೈದ್ಯಕೀಯ ನೋಂದಣಿ ಕೈಬಿಡಬಾರದು. ಬೇರೆ ಅನ್ನದ ದಾರಿ ಇಲ್ಲದ ರಾಜಕಾರಣಿಗೆ ಪಕ್ಷದ ನಾಯಕರಿಗೆ ಬೇಡ ಅನ್ನೋದಕ್ಕೆ ಬಾಯಿ ಬರುವುದಿಲ್ಲ. ಡಾಕ್ಟರಿಗೆ ಆ ಸ್ವಾತಂತ್ರ್ಯ ಇದೆ. ಅವರ ಕಸುಬು ರಾಜಕೀಯಕ್ಕೆ ಕೊಡುವ ದೊಡ್ಡ ಉಡುಗೊರೆ ನನ್ನ ಕಣ್ಣಿಗೆ ಅದೇ.

ಪಕ್ಷದಿಂದಲೋ, ಪಕ್ಷೇತರರಾಗಿಯೋ? ಕೆನ್ಯಾದ ವೆಸ್ಲಿ ಕೊರಿರ್ 2012ರಲ್ಲಿ ಬೋಸ್ಟನ್ ಮ್ಯಾರಥಾನ್ ಗೆದ್ದು, ಮರುವರ್ಷ ಪಕ್ಷೇತರರಾಗಿ ಸಂಸತ್ತಿಗೆ ಹೋದರು. ಓಟದ ಹೆಸರು, ಊರಿನ ಕೆಲಸ ಎರಡೂ ನೆರವಾದವು. ಇದು ಆಗದ ಮಾತೇನಲ್ಲ. ಆದರೆ ಒಂದು ಅವಧಿಗೇ ಮುಗಿಯಿತು. ಪಕ್ಷ ಇಲ್ಲದವರಿಗೆ ಸದನದಲ್ಲಿ ಬಲ ಕಡಿಮೆ. ಪಕ್ಷದೊಳಗೆ ಇದ್ದರೆ ಟಿಕೆಟ್ ಕೊಟ್ಟವರ ಋಣ. ನಿಮ್ಮ ಗೆಳೆಯರಿಗೆ ಆತುರ ಇಲ್ಲದಿದ್ದರೆ ಮೊದಲು ಸ್ಥಳೀಯ ಮಂಡಳಿಯ ಸದಸ್ಯರಾಗುವುದು ಒಳ್ಳೆಯದು ಅಂತ ನನ್ನ ಅನಿಸಿಕೆ. 2014ರಿಂದ ಮಲಾವಿಯಲ್ಲಿ ಅಧ್ಯಕ್ಷ, ಸಂಸತ್ತು, ಸ್ಥಳೀಯ ಮಂಡಳಿ ಮೂರಕ್ಕೂ ಒಟ್ಟಿಗೇ ಚುನಾವಣೆ. ಆರೋಗ್ಯ ಕೇಂದ್ರಕ್ಕೆ ನೀರು, ರಸ್ತೆ, ಔಷಧ ಬರುವುದು ಎಲ್ಲಿ ತಡೆಯುತ್ತದೆ ಅನ್ನುವುದು ಅಲ್ಲಿ ಚೆನ್ನಾಗಿ ಕಾಣುತ್ತದೆ.

ಗೆದ್ದ ಮೇಲಿನ ದಿನಚರಿಯನ್ನೂ ಅವರು ಈಗಲೇ ಕಣ್ಣ ಮುಂದೆ ತಂದುಕೊಳ್ಳಲಿ. ಮಲಾವಿಯ ಸಂಸದರ ಮನೆ ಬಾಗಿಲಿಗೆ ಜನ ಬರುವುದು ಮಸೂದೆ ಚರ್ಚೆ ಮಾಡಲು ಅಲ್ಲ. ಶವಪೆಟ್ಟಿಗೆಗೆ ಹಣ, ಮಗುವಿನ ಶಾಲೆ ಫೀಸು, ಹೆರಿಗೆಗೆ ವಾಹನ ಕೇಳೋಕೆ ಬರುತ್ತಾರೆ. ಡಾಕ್ಟರಾಗಿದ್ದವರ ಮನೆಗೆ ಇನ್ನೂ ಜಾಸ್ತಿ ಬರುತ್ತಾರೆ. ಪ್ರತಿಯೊಬ್ಬರಿಗೂ ಕೊಡುತ್ತಾ ಹೋದರೆ ಆ ಹಣ ಎಲ್ಲಿಂದಲೋ ಬರಬೇಕು. ಒಳ್ಳೆಯವರು ಮೊದಲ ಸಲ ಜಾರುವುದು ಸಾಮಾನ್ಯವಾಗಿ ಇಲ್ಲೇ.

ಧೈರ್ಯ ಕೊಡುವ ಸಂಗತಿಯೂ ಇದೆ. ಇದು ಬಾಂಡಾ ಕಾಲದ ಮಲಾವಿ ಅಲ್ಲ. 2019ರ ಚುನಾವಣೆಯ ಮತ ಎಣಿಕೆ ಪಟ್ಟಿಗಳನ್ನು ವೈಟ್ನರ್ ಹಚ್ಚಿ ತಿದ್ದಿದ್ದು ಸಾಬೀತಾದಾಗ, 2020ರ ಫೆಬ್ರವರಿಯಲ್ಲಿ ಐವರು ನ್ಯಾಯಾಧೀಶರು ಅಧ್ಯಕ್ಷರ ಗೆಲುವನ್ನೇ ರದ್ದು ಮಾಡಿದರು. ಆ ದಿನ ನ್ಯಾಯಾಧೀಶರು ಗುಂಡು ನಿರೋಧಕ ಅಂಗಿ ತೊಟ್ಟು ಕೋರ್ಟಿಗೆ ಬಂದಿದ್ದರು. ಮರುಚುನಾವಣೆಯಲ್ಲಿ ಪೀಟರ್ ಮುಥಾರಿಕಾ ಸೋತು ಲಜಾರಸ್ ಚಕ್ವೇರಾ ಗೆದ್ದರು. 2025ರ ಸೆಪ್ಟೆಂಬರ್‌ನಲ್ಲಿ ಅದೇ ಚಕ್ವೇರಾ ಅದೇ ಮುಥಾರಿಕಾ ಎದುರು ಸೋತು, ಸೋಲು ಒಪ್ಪಿಕೊಂಡರು. ನಿಮ್ಮ ಗೆಳೆಯರು ಕಾಲಿಡುತ್ತಿರುವುದು ಈ ದೇಶದ ರಾಜಕೀಯಕ್ಕೆ.

ಕೊನೆಯದಾಗಿ ನಿಮ್ಮ ಹಣದ ಮಾತು. ಸ್ನೇಹದ ಒತ್ತಡ ನನಗೆ ಅರ್ಥವಾಗುತ್ತದೆ. ಮಗಳ ಪಕ್ಕ ರಾತ್ರಿ ಕೂತವರಿಗೆ ಇಲ್ಲ ಅನ್ನುವುದು ಹೇಗೆ, ಅಲ್ವಾ? ಆದರೂ ಪ್ರಚಾರಕ್ಕೆ ಅಂತ ಒಂದು ಕ್ವಾಚಾ ಕೂಡ ಕೊಡಬೇಡಿ. ಮತದಾರರಿಗೆ ಹಣ, ವಸ್ತು ಹಂಚುವುದನ್ನು ಮಲಾವಿಯ 2018ರ ರಾಜಕೀಯ ಪಕ್ಷಗಳ ಕಾಯ್ದೆ ನಿಷೇಧಿಸಿದೆ. ನೀವು ಕೊಟ್ಟ ಹಣ ಎಲ್ಲಿಗೆ ಹೋಯಿತು ಅಂತ ನಿಮಗೆ ಗೊತ್ತಾಗುವುದಿಲ್ಲ. ಇನ್ನೊಂದು ಕಾರಣ ಚರಿತ್ರೆಯದ್ದು. 1970ರ ದಶಕದಲ್ಲಿ ಮಲಾವಿಯ ಭಾರತೀಯ ಮೂಲದ ವ್ಯಾಪಾರಿಗಳು ಹಳ್ಳಿ, ಸಣ್ಣ ಊರುಗಳ ಅಂಗಡಿ ಮುಚ್ಚಿ ಕೆಲವೇ ನಗರಗಳಿಗೆ ಹೋಗಬೇಕಾಯಿತು. 'ಭಾರತೀಯರ ದುಡ್ಡು' ಅನ್ನುವ ಮಾತು ಅಲ್ಲಿ ಇವತ್ತಿಗೂ ಎದುರಾಳಿಗೆ ಸುಲಭದ ಅಸ್ತ್ರ. ಪೆಟ್ಟು ನಿಮಗಿಂತ ಮೊದಲು ನಿಮ್ಮ ಗೆಳೆಯರಿಗೇ ಬೀಳುತ್ತದೆ.

ಭಾರತೀಯ ಮೂಲದವರು ಆಫ್ರಿಕಾದ ರಾಜಕೀಯದಲ್ಲಿ ಇರಲೇಬಾರದು ಅಂತ ನಾನು ಹೇಳುತ್ತಿಲ್ಲ. ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಓದಿದ ಪಿಯೊ ಗಾಮಾ ಪಿಂಟೊ ಕೆನ್ಯಾದ ಸ್ವಾತಂತ್ರ್ಯಕ್ಕಾಗಿ ವರ್ಷಗಟ್ಟಲೆ ಬಂಧನದಲ್ಲಿದ್ದವರು, ಅಲ್ಲಿನ ಸಂಸದರಾದವರು, 1965ರ ಫೆಬ್ರವರಿಯಲ್ಲಿ ನೈರೋಬಿಯ ತಮ್ಮ ಮನೆ ಮುಂದೆಯೇ ಗುಂಡಿಗೆ ಬಲಿಯಾದವರು. ಆದರೆ ಅವರು ಹುಟ್ಟಿದ್ದೇ ನೈರೋಬಿಯಲ್ಲಿ. ಅದು ಅವರ ದೇಶ. ನೀವು ಕೆಲಸದ ಪರವಾನಗಿ ಮೇಲೆ ಇರುವವರು.

ಹಣದ ಬದಲು ನಿಮ್ಮ ಕಸುಬನ್ನೇ ಕೊಡಿ. ಒಂದು ಸಂಜೆ ಕೂತು ಅವರ ಮನೆಯ ಲೆಕ್ಕ ಹಾಕಿ. ರಾಜೀನಾಮೆ ಕೊಟ್ಟು ಚುನಾವಣೆ ಮುಗಿಯುವವರೆಗೆ ಸಂಸಾರ ಹೇಗೆ ನಡೆಯುತ್ತದೆ, ಸಾಲ ಎಷ್ಟಾಗಬಹುದು, ಸೋತರೆ ಅದು ತೀರೋದಕ್ಕೆ ಎಷ್ಟು ಕಾಲ ಬೇಕು, ಎಲ್ಲ ಬರೆಯಿರಿ. ಅವರ ಹೆಂಡತಿಯೂ ಜೊತೆಗೆ ಕೂರಲಿ. ಆಮೇಲೆ ಒಂದು ಪ್ರಶ್ನೆ ಕೇಳಿ. ನೀನು ತಪ್ಪು ಮಾಡಿದಾಗ ಮುಖಕ್ಕೆ ಹೇಳುವ ಇಬ್ಬರು ಮೂವರು ನಿನ್ನ ಪ್ರಚಾರದ ಗುಂಪಿನಲ್ಲಿ ಇದ್ದಾರಾ, ಗೆದ್ದ ಮೇಲೂ ಅವರನ್ನು ಹತ್ತಿರ ಇಟ್ಟುಕೊಳ್ಳುತ್ತೀಯಾ ಅಂತ. ಅವರು ಹೆಸರು ಹಿಡಿದು ಹೇಳಿದರೆ ನಿಲ್ಲಲಿ ಅನ್ನುವುದು ನನ್ನ ಅಭಿಪ್ರಾಯ. ಹೆಸರು ಹೊಳೆಯದಿದ್ದರೆ ಈ ಸಲ ಬಿಟ್ಟು, ಅಂಥವರನ್ನು ಹುಡುಕಿಕೊಂಡು ಮುಂದಿನ ಸಲಕ್ಕೆ ಬರಲಿ. ಆಸ್ಪತ್ರೆಯಲ್ಲಿ ಅವರ ಕೆಲಸ ಅಲ್ಲಿಯವರೆಗೆ ಹೇಗೂ ಇದೆ.